57 ಮಂದಿಗೊಂದು ಊಟದಂಗಡಿ

48 ಲಕ್ಷ 50 ಸಾವಿರ. ದೇಶದಲ್ಲಿ ಊಟ, ತಿಂಡಿ, ಪಾನೀಯ ಮಾರುವ ಜಾಗಗಳೆಷ್ಟು ಎಂದು ಇಂಡೋನೇಷ್ಯಾದ ಕೇಂದ್ರ ಅಂಕಿಅಂಶ ಇಲಾಖೆ 2023ರಲ್ಲಿ ಲೆಕ್ಕ ತೆಗೆದಾಗ ಬಂದ ಅಂದಾಜು ಇದು. ಎ.ಸಿ. ಹಾಕಿದ ರೆಸ್ಟೋರೆಂಟೂ ಇದರಲ್ಲಿದೆ, ಓಣಿಯ ಮೂಲೆಯಲ್ಲಿ ಒಲೆ ಹೊತ್ತಿಸಿಕೊಂಡು ನಿಂತ ತಳ್ಳುಗಾಡಿಯೂ ಇದರಲ್ಲಿದೆ. ಆ ವರ್ಷ ದೇಶದ ಜನಸಂಖ್ಯೆ ಹತ್ತಿರ ಹತ್ತಿರ 27 ಕೋಟಿ 87 ಲಕ್ಷ. ಭಾಗಾಕಾರ ಮಾಡಿದರೆ ಪ್ರತಿ 57 ಮಂದಿಗೆ ಒಂದು ಊಟದಂಗಡಿ. ಆ 57ರಲ್ಲಿ ಹಲ್ಲು ಬಾರದ ಕೂಸುಗಳೂ ಸೇರಿವೆ, ಹಾಸಿಗೆ ಹಿಡಿದ ಮುದುಕರೂ ಸೇರಿದ್ದಾರೆ, ಮನೆಯ ಅನ್ನ ಬಿಟ್ಟು ಹೊರಗಿನದನ್ನು ಮುಟ್ಟದವರೂ ಸೇರಿದ್ದಾರೆ.

ಈ ಅಂಗಡಿಗಳನ್ನೆಲ್ಲ ಒಂದೇ ರಸ್ತೆಯ ಒಂದೇ ಬದಿಗೆ ಸಾಲಾಗಿ ನಿಲ್ಲಿಸಿದೆವು ಎಂದಿಟ್ಟುಕೊಳ್ಳಿ. ಒಂದೊಂದಕ್ಕೆ ಬರೀ 3 ಮೀಟರ್ ಜಾಗ ಕೊಟ್ಟರೂ ಸಾಲು 14,500 ಕಿಲೋಮೀಟರ್ ಮುಟ್ಟುತ್ತದೆ. 17,000ಕ್ಕೂ ಹೆಚ್ಚು ದ್ವೀಪಗಳ ಆ ದೇಶ ಪಶ್ಚಿಮದ ತುದಿಯಿಂದ ಪೂರ್ವದ ತುದಿಗೆ ಸುಮಾರು 5,100 ಕಿಲೋಮೀಟರ್ ಇದೆ. ಗಡಿಯಾರವನ್ನು ಎರಡು ಸಲ ತಿದ್ದಿಕೊಳ್ಳಬೇಕಾದಷ್ಟು ಉದ್ದ. ನಮ್ಮ ಊಟದಂಗಡಿಗಳ ಸಾಲು ಆ ದೂರವನ್ನು ಒಮ್ಮೆ ಹೋಗಿ, ಒಮ್ಮೆ ಮರಳಿ, ಮೂರನೇ ಸಲ ಪೂರ್ವದ ತುದಿಯ ಹತ್ತಿರ ಹೋಗುವ ಹೊತ್ತಿಗೆ ಮುಗಿಯುತ್ತದೆ.

2016ರ ಆರ್ಥಿಕ ಗಣತಿಯಲ್ಲಿ ಈ ಸಂಖ್ಯೆ ಸುಮಾರು 40 ಲಕ್ಷ ಇತ್ತು. ಏಳು ವರ್ಷದಲ್ಲಿ ಶೇ 21ರಷ್ಟು ಏರಿಕೆ. ಮುಚ್ಚಿದವುಗಳನ್ನು ಕಳೆದ ಮೇಲೂ ದಿನಕ್ಕೆ 330 ಹೊಸ ಅಂಗಡಿ ಎದ್ದ ಲೆಕ್ಕ. ಆ ಏಳು ವರ್ಷದ ನಡುವೆಯೇ ಕೋವಿಡ್ ಬಂದುಹೋಗಿದೆ. ಜಗತ್ತಿನ ಹೋಟೆಲುಗಳಿಗೆಲ್ಲ ಬೀಗ ಬಿದ್ದ ದಿನಗಳನ್ನು ದಾಟಿಯೂ ಇಷ್ಟು ಬೆಳೆಯಿತು ಎನ್ನುವುದನ್ನು ಒಂದು ಕ್ಷಣ ನಿಂತು ಯೋಚಿಸಬೇಕು.

ಆದರೆ ನನ್ನನ್ನು ನಿಜಕ್ಕೂ ಬೆರಗುಗೊಳಿಸಿದ್ದು ಅದೇ ವರದಿಯ ಇನ್ನೊಂದು ಅಂಕಿ. ಈ 48.5 ಲಕ್ಷ ಜಾಗಗಳಲ್ಲಿ ದುಡಿಯುವವರು ಸುಮಾರು 98 ಲಕ್ಷ ಮಂದಿ. ಅಂದರೆ ಒಂದು ಅಂಗಡಿಗೆ ಇಬ್ಬರು. ಗಂಡ-ಹೆಂಡತಿ, ತಾಯಿ-ಮಗಳು, ಅಣ್ಣ-ತಮ್ಮ, ಇಲ್ಲವೇ ಯಜಮಾನ ಮತ್ತು ಊರಿಂದ ಕರೆತಂದ ಒಬ್ಬ ಹುಡುಗ. ಜಗತ್ತಿನ ನಾಲ್ಕನೇ ಅತಿ ದೊಡ್ಡ ಜನಸಂಖ್ಯೆಯ ದೇಶದ ಹೋಟೆಲ್ ಉದ್ಯಮ ನಿಂತಿರುವುದು ಇಬ್ಬಿಬ್ಬರ ಮೇಲೆ. ಒಬ್ಬರು ಅಡುಗೆ ನೋಡಿಕೊಂಡರೆ ಇನ್ನೊಬ್ಬರು ಗಲ್ಲಾ. ಇಂಥ ಒಂದು ಅಂಗಡಿ ದಿನಕ್ಕೆ ಬರೀ 30 ತಟ್ಟೆ ಬಡಿಸಿತು ಎಂದು ಭಾವಿಸಿ ಗುಣಿಸಿ ನೋಡಿ: 14 ಕೋಟಿ 55 ಲಕ್ಷ ತಟ್ಟೆ. ಅರ್ಧ ದೇಶಕ್ಕೆ ಒಂದೊಂದು ಊಟ, ಪ್ರತಿದಿನ.

ಇದರ ಪಕ್ಕದಲ್ಲಿ ದೊಡ್ಡವರನ್ನು ಇಟ್ಟು ನೋಡೋಣ. ಮಧ್ಯಮ ಮತ್ತು ದೊಡ್ಡ ಪ್ರಮಾಣದ ಆಹಾರ ಉದ್ದಿಮೆಗಳನ್ನಷ್ಟೇ ಇದೇ ಇಲಾಖೆ 2020ರಲ್ಲಿ ಬೇರೆಯಾಗಿ ಎಣಿಸಿತ್ತು. ಸಿಕ್ಕಿದ್ದು 11,223. ಅದರಲ್ಲೂ 5,159, ಅಂದರೆ ಅರ್ಧಕ್ಕೆ ಹತ್ತಿರ, ಜಕಾರ್ತ ಒಂದರಲ್ಲೇ. ಹೆಸರು, ಬ್ರಾಂಡು, ಮೆನು ಕಾರ್ಡು, ಸಮವಸ್ತ್ರ ಇರುವ ಹೋಟೆಲು ರಾಜಧಾನಿಯ ಮಾತು. ಉಳಿದ ಸಾವಿರಾರು ದ್ವೀಪಗಳ ಹಸಿವು ನೀಗುವುದು ವಾರುಂಗ್‌ಗಳಿಂದ. ವಾರುಂಗ್ ಎಂದರೆ ಅಲ್ಲಿನ ಗೂಡಂಗಡಿ, ಮನೆಯ ಮುಂಗಟ್ಟಿನ ಖಾನಾವಳಿ, ಚಹಾದಂಗಡಿ, ಎಲ್ಲವೂ.

ಇಷ್ಟೊಂದು ಅಂಗಡಿ ಬದುಕುವುದು ಹೇಗೆ? ಉತ್ತರ ಮನೆಮನೆಯ ಖರ್ಚಿನ ಸಮೀಕ್ಷೆಯಲ್ಲಿದೆ. ಇಂಡೋನೇಷ್ಯಾದ ಸರಾಸರಿ ಕುಟುಂಬ ತನ್ನ ಖರ್ಚಿನ ಹೆಚ್ಚುಕಡಿಮೆ ಅರ್ಧವನ್ನು ಹೊಟ್ಟೆಗೆ ಹಾಕುತ್ತದೆ. ಆ ಅರ್ಧದಲ್ಲಿ ಮೂರನೇ ಒಂದರಷ್ಟು ಹೋಗುವುದು ಬೇಯಿಸಿ ಸಿದ್ಧವಾಗಿ ಸಿಗುವ ಊಟ-ತಿಂಡಿ-ಪಾನೀಯಕ್ಕೆ. ಅಕ್ಕಿಯೂ ಸೇರಿ ಎಲ್ಲ ಧಾನ್ಯಕ್ಕೆ ಕೊಡುವ ಹಣದ ಎರಡು ಪಟ್ಟಿಗೂ ಇದು ಹೆಚ್ಚು. ವರ್ಷಕ್ಕೆ 3 ಕೋಟಿ ಟನ್ ಅಕ್ಕಿ ಉಣ್ಣುವ, ಅನ್ನ ಬೀಳದಿದ್ದರೆ ಊಟವೇ ಆಗಿಲ್ಲ ಎನ್ನುವ ಜನ ಅವರು. ಅಂಥವರೂ ಅಕ್ಕಿಯಂಗಡಿಗಿಂತ ಅನ್ನದಂಗಡಿಗೆ ಹೆಚ್ಚು ಹಣ ಕೊಡುತ್ತಾರೆ. ಶ್ರೀಮಂತಿಕೆಯ ಲಕ್ಷಣ ಇದಲ್ಲ. ಕೆಲಸ ಹುಡುಕಿ ಪಟ್ಟಣಕ್ಕೆ ಬಂದವರು ಇರುವುದು ಅಡುಗೆಮನೆಯಿಲ್ಲದ ಬಾಡಿಗೆ ಕೋಣೆಯಲ್ಲಿ. ಬೆಳಿಗ್ಗೆ ಹೊರಟವರು ರಾತ್ರಿ ಮನೆ ಸೇರುತ್ತಾರೆ. ಒಬ್ಬರಿಗಾಗಿ ಗ್ಯಾಸು ಹಚ್ಚಿ, ತರಕಾರಿ ತಂದು, ಮೂರು ಬಗೆ ಮಾಡುವುದಕ್ಕಿಂತ ಬೀದಿ ತುದಿಯ ತಟ್ಟೆಯೇ ಅಗ್ಗ. ವಿಶ್ವಸಂಸ್ಥೆಯ 2025ರ ಅಂದಾಜಿನಲ್ಲಿ ಜಕಾರ್ತ ಮತ್ತು ಅದಕ್ಕೆ ಅಂಟಿಕೊಂಡು ಬೆಳೆದ ನಗರಗಳಲ್ಲಿ 4 ಕೋಟಿ 20 ಲಕ್ಷ ಜನ. ಟೋಕಿಯೊವನ್ನು ಹಿಂದೆ ಹಾಕಿ ಈಗ ಅದೇ ಜಗತ್ತಿನ ಅತಿ ದೊಡ್ಡ ನಗರ. ಆ ನಗರಕ್ಕೆ ಮಧ್ಯಾಹ್ನ ಹಸಿವಾದಾಗ ಅದು ಎತ್ತ ತಿರುಗುತ್ತದೆ?

ಎಷ್ಟೋ ಮಂದಿ ತೆಗಾಲ್ ಎಂಬ ಊರಿನವರ ಕಡೆಗೆ. ಮಧ್ಯ ಜಾವಾದ ಉತ್ತರ ಕರಾವಳಿಯ ಸಾಧಾರಣ ಪಟ್ಟಣ ಅದು. ಸ್ವಾತಂತ್ರ್ಯದ ನಂತರದ ದಶಕಗಳಲ್ಲಿ ಜಕಾರ್ತದಲ್ಲಿ ದೊಡ್ಡ ದೊಡ್ಡ ಕಟ್ಟಡಗಳು ಎದ್ದವು. ಗಾರೆ ಕೆಲಸಕ್ಕೆ ಬಂದ ತೆಗಾಲಿನವರ ಹಿಂದೆಯೇ ಅವರ ಮನೆಯ ಹೆಂಗಸರು ಬಂದು ಕೂಲಿಯಾಳುಗಳಿಗೆ ಅನ್ನ ಕಟ್ಟಿ ಮಾರತೊಡಗಿದರು. ಅಲ್ಲಿಂದ ಹುಟ್ಟಿದ್ದು ವಾರ್ತೆಗ್, ಅಂದರೆ ತೆಗಾಲಿನವರ ವಾರುಂಗ್. ಇವತ್ತು ಜಕಾರ್ತದ ಸುತ್ತಮುತ್ತ ಇಂಥವು ಹತ್ತಾರು ಸಾವಿರ ಇವೆ.

ವಾರ್ತೆಗ್ ಒಳಗೆ ಹೋಗಿ ನೋಡಿ. ಹಳೆಯ ಮಾದರಿಯದಾದರೆ ಎರಡು ಬಾಗಿಲು. ಒಂದರಲ್ಲಿ ಬರಬೇಕು, ಇನ್ನೊಂದರಲ್ಲಿ ಹೋಗಬೇಕು, ಇಕ್ಕಟ್ಟಿನಲ್ಲಿ ಒಬ್ಬರ ಮೇಲೊಬ್ಬರು ಬೀಳಬಾರದು. ನಡುವೆ ಗಾಜಿನ ಕಪಾಟು. ಅದರೊಳಗೆ ತಟ್ಟೆ ತಟ್ಟೆಯಲ್ಲಿ ಸಿಹಿ ಸೋಯಾ ಸಾಸಿನಲ್ಲಿ ಹುರಿದ ತೆಂಪೆ ಎಂಬ ಸೋಯಾ ಬಿಲ್ಲೆ, ಕೆಂಪು ಮೆಣಸಿನ ಗೊಜ್ಜಿನಲ್ಲಿ ಮುಳುಗಿದ ಮೊಟ್ಟೆ, ತೆಂಗಿನ ಹಾಲಿನ ತರಕಾರಿ ಸಾರು, ಬದನೆಕಾಯಿ, ಕರಿದ ಮೀನು, ಬಳ್ಳಿಸೊಪ್ಪಿನ ಪಲ್ಯ. ಕಪಾಟಿನ ಮುಂದೆಯೇ ಉದ್ದನೆಯ ಬೆಂಚು. ರಿಕ್ಷಾದವನೂ, ಕಚೇರಿಯ ಗುಮಾಸ್ತನೂ, ಕಾಲೇಜು ಹುಡುಗಿಯೂ ಅದೇ ಬೆಂಚಿನಲ್ಲಿ ತೋಳಿಗೆ ತೋಳು ತಾಗಿಸಿ ಕೂರುತ್ತಾರೆ. ಮೆನು ಇಲ್ಲ. ಗಾಜಿನ ಮೇಲೆ ಬೆರಳಿಟ್ಟು ಇದು, ಇದು, ಅದು ಸ್ವಲ್ಪ ಎಂದರೆ ಆಯಿತು, ಅನ್ನದ ಮೇಲೆ ಬಂದು ಬೀಳುತ್ತದೆ. ಬಿಲ್ಲೂ ಇಲ್ಲ. ತಟ್ಟೆಯ ಮೇಲೊಮ್ಮೆ ಕಣ್ಣಾಡಿಸಿ ಒಡತಿ ಮೊತ್ತ ಹೇಳುತ್ತಾಳೆ. 15,000 ರೂಪಿಯಾ ಎಂದರೆ ನಮ್ಮ ದುಡ್ಡಿನಲ್ಲಿ 80 ರೂಪಾಯಿ ಆಸುಪಾಸು, ಹೊಟ್ಟೆ ತುಂಬ ಊಟ.

ಇನ್ನೊಂದು ಸೊಗಸು ಇದೆ. ಎಷ್ಟೋ ವಾರ್ತೆಗ್‌ಗಳನ್ನು ಎರಡು ಕುಟುಂಬಗಳು ಪಾಳಿಯ ಮೇಲೆ ನಡೆಸುತ್ತವೆ. ಮೂರು-ನಾಲ್ಕು ತಿಂಗಳು ಒಬ್ಬರು ಜಕಾರ್ತದಲ್ಲಿ ಅಂಗಡಿ ನೋಡಿಕೊಳ್ಳುತ್ತಾರೆ. ಆ ಅವಧಿಯ ಲಾಭ-ನಷ್ಟ ಅವರದು. ಬಳಿಕ ಬೀಗದ ಕೈಯನ್ನು ಅಣ್ಣನಿಗೋ ಬೀಗರಿಗೋ ಒಪ್ಪಿಸಿ ಊರಿಗೆ ಹೋಗಿ ಹೊಲ ನೋಡಿಕೊಳ್ಳುತ್ತಾರೆ, ಮಕ್ಕಳ ಜೊತೆ ಇರುತ್ತಾರೆ. ಗಿರಾಕಿಗೆ ಬದಲಾವಣೆ ಗೊತ್ತಾಗುವುದು ಖಾರದ ಅಳತೆಯಲ್ಲಿ ಮಾತ್ರ. ಪಟ್ಟಣದ ದುಡಿಮೆಯನ್ನೂ ಹಳ್ಳಿಯ ಬದುಕನ್ನೂ ಒಟ್ಟಿಗೆ ಹಿಡಿದಿಡುವ ಇಂಥ ಏರ್ಪಾಟನ್ನು ಯಾವ ಮ್ಯಾನೇಜ್‌ಮೆಂಟ್ ಕಾಲೇಜೂ ಹೇಳಿಕೊಟ್ಟದ್ದಲ್ಲ.

2010ರ ಕೊನೆಯಲ್ಲಿ ಜಕಾರ್ತದ ಆಡಳಿತ ಇವರ ಮೇಲೆ ಶೇ 10 ತೆರಿಗೆ ಹಾಕಲು ಹೊರಟಿತು. ವರ್ಷಕ್ಕೆ 6 ಕೋಟಿ ರೂಪಿಯಾ ವಹಿವಾಟು ದಾಟಿದ ಅಂಗಡಿಗಳಿಗೆಲ್ಲ ಅನ್ವಯ. 6 ಕೋಟಿ ಎಂದರೆ ಕೇಳಲಿಕ್ಕೆ ದೊಡ್ಡದು. ದಿನಕ್ಕೆ ಹಂಚಿದರೆ 1,64,000 ರೂಪಿಯಾ, 10,000ದ ತಟ್ಟೆಯಾದರೆ ಬರೀ 16 ತಟ್ಟೆ! ದಿನಕ್ಕೆ 17 ಜನಕ್ಕೆ ಬಡಿಸಿದವಳು ತೆರಿಗೆದಾರಳು. ಊರೆಲ್ಲ ಎದ್ದು ಕೂಗಾಡಿತು, ಗವರ್ನರ್ ಅದನ್ನು ತಡೆಹಿಡಿಯಬೇಕಾಯಿತು. ಮುಂದೆ ಆ ಮಿತಿಯನ್ನು 20 ಕೋಟಿಗೆ ಏರಿಸಿದರು. ಬಡವರ ತಟ್ಟೆಗೆ ಕೈ ಹಾಕಿದರೆ ಏನಾಗುತ್ತದೆ ಎನ್ನುವುದು ಅಲ್ಲಿನ ರಾಜಕಾರಣಿಗಳಿಗೆ ಅಂದಿನಿಂದ ಚೆನ್ನಾಗಿ ಗೊತ್ತು.

ತೆಗಾಲ್ ಒಂದೇ ಅಲ್ಲ. ಇಡೀ ದೇಶದ ಬಾಯಿ ರುಚಿಯನ್ನು ಒಂದೊಂದು ಊರು ಹಂಚಿಕೊಂಡಂತಿದೆ. ಮಾಂಸದುಂಡೆಯ ಸಾರಾದ ಬಾಕ್ಸೊ ಮಾರುವವರು ಹೆಚ್ಚಿನಂಶ ವೊನೊಗಿರಿ, ಸೊಲೊ, ಮಲಾಂಗ್ ಕಡೆಯವರು. ಕೆಂಡದ ಮೇಲೆ ಬೀಸಣಿಗೆ ಬೀಸುತ್ತ ಸಾತೆ ಎಂಬ ಕಡ್ಡಿಮಾಂಸ ಸುಡುವವರು ಮದುರಾ ದ್ವೀಪದವರು. ಪಶ್ಚಿಮ ಜಾವಾದ ಕುನಿಂಗಾನಿನವರು ಹೆಸರುಕಾಳಿನ ಪಾಯಸವನ್ನೂ ನೂಡಲ್ಸನ್ನೂ ರಾತ್ರಿಯಿಡೀ ಬೇಯಿಸುತ್ತಾರೆ. ಪೂರ್ವ ಜಾವಾದ ಲಮೊಂಗಾನಿನವರು ಸಂಜೆಯಾಗುತ್ತಲೇ ಫುಟ್‌ಪಾತಿನಲ್ಲಿ ಡೇರೆ ಹಾಕುತ್ತಾರೆ. ಎದುರಿಗೆ ಕೈಯಲ್ಲಿ ಬರೆದ ಬಣ್ಣದ ಪರದೆ, ಅದರ ಮೇಲೆ ಮೀಸೆಯ ಮೀನು, ಬಾತು, ಕೋಳಿ. ಆ ಪರದೆಯ ಬಣ್ಣ ನೋಡಿದರೆ ಸಾಕು, ಒಳಗೆ ಗರಿಗರಿಯಾಗಿ ಕರಿದ ಮೀನು, ಒರಳಲ್ಲಿ ಅರೆದ ಮೆಣಸಿನ ಸಂಬಾಲ್ ಸಿಗುತ್ತದೆ ಎಂದು ಯಾವ ಇಂಡೋನೇಷ್ಯಾದವನಿಗೂ ಗೊತ್ತು. ಸಾವಿರಾರು ಡೇರೆ, ಒಂದೇ ಕಂಪನಿಯದಲ್ಲ, ಆದರೆ ಒಂದೇ ಊರಿನ ಗುರುತು. ಜಾಹೀರಾತಿಗೆ ಒಂದು ಕಾಸು ಸುರಿಯದೆ ಕಟ್ಟಿದ ಬ್ರಾಂಡು ಇದು.

ಇವೆಲ್ಲಕ್ಕಿಂತ ದೊಡ್ಡ ಕತೆ ಪಡಾಂಗ್ ಹೋಟೆಲುಗಳದ್ದು. ಪಡಾಂಗ್ ಊರಿರುವ ಪಶ್ಚಿಮ ಸುಮಾತ್ರದ ಮಿನಾಂಗ್‌ಕಬಾವ್ ಜನಾಂಗದ್ದು ಮಾತೃಮೂಲದ ವ್ಯವಸ್ಥೆ. ಮನೆ, ಗದ್ದೆ ತಾಯಿಯಿಂದ ಮಗಳಿಗೆ. ಗಂಡುಮಕ್ಕಳು ಹರೆಯಕ್ಕೆ ಬಂದ ಮೇಲೆ ಊರು ಬಿಟ್ಟು ಹೊರಗೆ ದುಡಿದು ಬರಬೇಕು ಎನ್ನುವುದು ಅಲ್ಲಿನ ಬಹುಕಾಲದ ರೂಢಿ. ಹಾಗೆ ಹೊರಟವರು ಹೋದಲ್ಲೆಲ್ಲ ಒಲೆ ಹೂಡಿದರು. ಅಳಿಯಕಟ್ಟು ಇದ್ದ ತುಳುನಾಡಿನಿಂದ ಹೊರಟು ಮುಂಬೈ, ಮದ್ರಾಸು, ಬೆಂಗಳೂರುಗಳಲ್ಲಿ ಉಡುಪಿ ಹೋಟೆಲು ಕಟ್ಟಿದವರನ್ನು ಬಲ್ಲ ಕನ್ನಡಿಗರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. 2010ರ ಜನಗಣತಿಯಲ್ಲಿ ಮಿನಾಂಗ್‌ಕಬಾವ್ ಜನ 65 ಲಕ್ಷದೊಳಗೆ. 24 ಕೋಟಿಗೆ ಸಮೀಪವಿದ್ದ ಅಂದಿನ ಜನಸಂಖ್ಯೆಯಲ್ಲಿ ನೂರಕ್ಕೆ ಮೂರು ಮಂದಿಯೂ ಅಲ್ಲ. ಆ ನೂರಕ್ಕೆ ಮೂರು ಮಂದಿಯ ಅಡುಗೆ ಇಂದು ಉಳಿದ ತೊಂಬತ್ತೇಳು ಮಂದಿಯ ಊಟ. ಆಚೆ ಪೂರ್ವದ ತುದಿಯ ಪಪುವಾದಲ್ಲೂ ಪಡಾಂಗ್ ಹೋಟೆಲು ಸಿಗುತ್ತದೆ.

ಅಲ್ಲಿ ಕೂತರೆ ಆರ್ಡರ್ ಕೇಳಲು ಯಾರೂ ಬರುವುದಿಲ್ಲ. ಮಾಣಿ ಬರುತ್ತಾನೆ, ಎಡಗೈಯ ಮೇಲೆ ಅಂಗೈಯಿಂದ ಭುಜದ ತನಕ ತಟ್ಟೆಗಳು. ಒಂದರ ಅಂಚಿನ ಮೇಲೆ ಇನ್ನೊಂದು, ಅದರ ಮೇಲೆ ಮತ್ತೊಂದು, ಹದಿನೈದು, ಪಳಗಿದವನಾದರೆ ಇಪ್ಪತ್ತು. ಒಂದು ಹನಿ ಸಾರು ಚೆಲ್ಲದೆ ಬಲಗೈಯಿಂದ ಒಂದೊಂದಾಗಿ ಮೇಜಿನ ಮೇಲಿಳಿಸುತ್ತಾನೆ. ಕಪ್ಪಗೆ ಬಾಡಿಸಿದ ರೆಂಡಾಂಗ್, ಹಲಸಿನ ಗುಜ್ಜೆಯ ಸಾರು, ಮರಗೆಣಸಿನ ಸೊಪ್ಪು, ಹಸಿಮೆಣಸಿನ ಸಂಬಾಲ್, ಕೋಳಿ, ಮೀನು, ಆಲೂಗಡ್ಡೆ ಬೋಂಡ. ಪಕ್ಕದಲ್ಲಿ ಕೈ ತೊಳೆಯಲು ನೀರಿನ ಬಟ್ಟಲು. ಮುಟ್ಟಿದ್ದಕ್ಕೆ ಮಾತ್ರ ದುಡ್ಡು, ಮುಟ್ಟದ್ದು ಒಳಗೆ ವಾಪಸು. ರೆಂಡಾಂಗ್ ಎಂದರೆ ತೆಂಗಿನ ಹಾಲಿನಲ್ಲಿ ಮಾಂಸವನ್ನು ನಾಲ್ಕಾರು ಗಂಟೆ ಕುದಿಸಿ, ಹಾಲು ಇಂಗಿ ಎಣ್ಣೆ ಬಿಟ್ಟು, ಆ ಎಣ್ಣೆಯಲ್ಲೇ ಮಸಾಲೆ ಕಪ್ಪಾಗುವವರೆಗೆ ಕೈಯಾಡಿಸಿದ್ದು. ಫ್ರಿಜ್ಜಿಲ್ಲದೆ ದಿನಗಟ್ಟಲೆ ಕೆಡದು. ದೂರ ಹೊರಟವರ ಬುತ್ತಿ. 2011ರಲ್ಲಿ ಸಿಎನ್‌ಎನ್ ತನ್ನ ಓದುಗರ ಮತ ಕೇಳಿದಾಗ ಜಗತ್ತಿನ ಅತಿ ರುಚಿಯಾದ 50 ತಿನಿಸುಗಳಲ್ಲಿ ಮೊದಲ ಸ್ಥಾನ ಅದಕ್ಕೇ ಬಂತು.

ಈ ಹೋಟೆಲುಗಳಲ್ಲಿ ಅನೇಕ ಕಡೆ ತಿಂಗಳ ಸಂಬಳವೇ ಇಲ್ಲ. ಅಡುಗೆಯವನಿಗೆ ಇಷ್ಟು, ಬಡಿಸುವವನಿಗೆ ಇಷ್ಟು, ಪಾತ್ರೆ ತೊಳೆಯುವವನಿಗೆ ಇಷ್ಟು ಎಂದು ಪಾಲು ಗೊತ್ತು ಮಾಡಿರುತ್ತಾರೆ. ಕೆಲವು ತಿಂಗಳಿಗೊಮ್ಮೆ ಲೆಕ್ಕ ಮುಗಿಸಿ ಲಾಭವನ್ನು ಮಾಲೀಕನೂ ಆಳುಗಳೂ ಆ ಪಾಲಿನಂತೆ ಹಂಚಿಕೊಳ್ಳುತ್ತಾರೆ. ಹೀಗಾಗಿ ಪಾತ್ರೆ ತೊಳೆಯುವ ಹುಡುಗನಿಗೂ ಆ ದಿನ ಎಷ್ಟು ತಟ್ಟೆ ಹೋಯಿತು ಎಂಬ ಲೆಕ್ಕ ಬಾಯಿಪಾಠ. ನಾಳೆ ಅವನೇ ಒಂದು ಹೋಟೆಲು ಇಡುತ್ತಾನೆ. ಬುಸ್ತಮಾನ್ ಎಂಬ ಮಿನಾಂಗ್ ಯುವಕ 1972ರಲ್ಲಿ ಜಕಾರ್ತದ ಬೆಂದುಂಗಾನ್ ಹಿಲಿರ್ ಬೀದಿಯಲ್ಲಿ ಗಾಡಿಯಂಗಡಿ ಇಟ್ಟರು. ಅದು ಬೆಳೆದು ಇಂದು ನೂರಕ್ಕೂ ಹೆಚ್ಚು ಶಾಖೆಗಳ ಸೆದರ್ಹಾನ ಹೋಟೆಲು.

ಈಗ ಅದೇ 1972ರಲ್ಲಿ ಹುಟ್ಟಿದ ಇನ್ನೊಂದು ಹೆಸರನ್ನು, ಒಂದು ನೂಡಲ್ಸ್ ಬ್ರಾಂಡನ್ನು ನೋಡೋಣ. ಇಂಡೋಮಿ. ಜಾಗತಿಕ ಇನ್‌ಸ್ಟಂಟ್ ನೂಡಲ್ಸ್ ಸಂಘದ ಲೆಕ್ಕದಲ್ಲಿ 2023ರಲ್ಲಿ ಇಂಡೋನೇಷ್ಯಾ ತಿಂದ ಇನ್‌ಸ್ಟಂಟ್ ನೂಡಲ್ಸ್ 1,454 ಕೋಟಿ ಪೊಟ್ಟಣ. ಸೆಕೆಂಡಿಗೆ 461. ನೀವು ಈ ವಾಕ್ಯ ಓದಿ ಮುಗಿಸುವಷ್ಟರಲ್ಲಿ ಅಲ್ಲಿ ಸಾವಿರಕ್ಕೂ ಹೆಚ್ಚು ಪೊಟ್ಟಣ ಹರಿದಿರುತ್ತವೆ. ಅದರ ಐದು ಪಟ್ಟು ಜನರಿರುವ ಭಾರತ ಅದೇ ವರ್ಷ ತಿಂದದ್ದು 868 ಕೋಟಿ. ನಮ್ಮಲ್ಲಿ ತಲೆಗೆ ವರ್ಷಕ್ಕೆ ಆರು, ಅಲ್ಲಿ ಐವತ್ತೆರಡು, ಅಂದರೆ ವಾರಕ್ಕೊಂದು. ಇದೆಲ್ಲ ಮನೆಯಲ್ಲೇ ಬೇಯುವುದಿಲ್ಲ. ಇಂಡೋಮಿಯನ್ನೇ ಬೇಯಿಸಿ, ಮೇಲೊಂದು ಮೊಟ್ಟೆ ಒಡೆದು ಹಾಕಿ, ಸೊಪ್ಪು-ಮೆಣಸು ಸೇರಿಸಿ ಕೊಡುವ ವಾರ್ಮಿಂದೋ ಎಂಬ ಅಂಗಡಿಗಳು ಕಾಲೇಜು ಊರುಗಳಲ್ಲಿ ರಾತ್ರಿ ಎರಡಕ್ಕೂ ತೆರೆದಿರುತ್ತವೆ. ಐದು ನಿಮಿಷದಲ್ಲಿ ಮನೆಯಲ್ಲೇ ಆಗುವುದನ್ನು ತಿನ್ನಲೂ ಜನ ಹೊರಗೆ ಹೋಗುತ್ತಾರೆ, ಏಕೆಂದರೆ ಅಲ್ಲಿ ಗೆಳೆಯರಿದ್ದಾರೆ.

ಆ ನೂಡಲ್ಸಿನ ಹಿಟ್ಟು ಎಲ್ಲಿಯದು? ಸಮಭಾಜಕ ವೃತ್ತದ ಮೇಲಿರುವ ಆ ದೇಶದಲ್ಲಿ ಗೋಧಿ ಬೆಳೆಯುವುದಿಲ್ಲವೆಂದೇ ಹೇಳಬೇಕು. ವರ್ಷಕ್ಕೆ ಕೋಟಿ ಟನ್ ಲೆಕ್ಕದಲ್ಲಿ ಹೊರಗಿನಿಂದ ಹಡಗಿನಲ್ಲಿ ಬರುತ್ತದೆ. ವಾರ್ತೆಗ್‌ನ ತೆಂಪೆಯದೂ ಅದೇ ಕತೆ. ತೆಂಪೆ ಜಾವಾದ್ದೇ ತಿನಿಸು, ಬಡವರ ಮಾಂಸ. ಆದರೆ ಅದಕ್ಕೆ ಬೇಕಾದ ಸೋಯಾ ಅವರೆ ವರ್ಷಕ್ಕೆ 20 ಲಕ್ಷ ಟನ್‌ಗೂ ಮೇಲೆ ಆಮದು, ಬಹುಪಾಲು ಅಮೆರಿಕದಿಂದ. 2021ರ ಜನವರಿಯ ಆರಂಭದಲ್ಲಿ ಮತ್ತು 2022ರ ಫೆಬ್ರವರಿಯಲ್ಲಿ ಸೋಯಾ ಬೆಲೆ ಏರಿದಾಗ ತೆಂಪೆ ತಯಾರಕರು ಕೆಲಸ ನಿಲ್ಲಿಸಿಬಿಟ್ಟರು. ಮೂರು ದಿನ ಗಾಜಿನ ಕಪಾಟುಗಳಲ್ಲಿ ಆ ತಟ್ಟೆಯೇ ಇಲ್ಲ. ಅಮೆರಿಕದ ಹೊಲದ ಬೆಲೆ ಜಕಾರ್ತದ ಬೆಂಚಿಗೆ ತಲುಪಲು ಹೆಚ್ಚು ದಿನ ಬೇಕಿಲ್ಲ. ಇಬ್ಬರೇ ನಡೆಸುವ ಅಂಗಡಿಯ ಬಲಹೀನತೆಯೂ ಇಲ್ಲೇ ಕಾಣುತ್ತದೆ. ಬೆಲೆ ಏರಿಸಿದರೆ ಗಿರಾಕಿ ಪಕ್ಕದಂಗಡಿಗೆ ಹೋಗುತ್ತಾನೆ, ಏರಿಸದಿದ್ದರೆ ನಷ್ಟ. ಹಾಗಾಗಿ ಸದ್ದಿಲ್ಲದೆ ತೆಂಪೆಯ ಬಿಲ್ಲೆ ತೆಳ್ಳಗಾಗುತ್ತದೆ.

ವಿದೇಶಿ ಹೆಸರುಗಳು ಬಂದಿಲ್ಲವೆಂದಲ್ಲ. ಕೆಎಫ್‌ಸಿ 1979ರಲ್ಲೇ ಬಂತು, ಮೆಕ್‌ಡೊನಾಲ್ಡ್ಸ್ 1991ರಲ್ಲಿ. ಎರಡೂ ಅಲ್ಲಿ ಅನ್ನ ಬಡಿಸಲು ಕಲಿತವು. ಕೋಳಿಯ ಜೊತೆ ಅನ್ನದ ಉಂಡೆ ಇಲ್ಲದಿದ್ದರೆ ವ್ಯಾಪಾರವಿಲ್ಲ. ಜಕಾರ್ತದ ಸರಿನಾ ಕಟ್ಟಡದಲ್ಲಿದ್ದ ಮೊದಲ ಮೆಕ್‌ಡೊನಾಲ್ಡ್ಸ್ 2020ರ ಮೇ 10ರಂದು ಬಾಗಿಲು ಹಾಕಿದಾಗ ಕೋವಿಡ್ ನಿರ್ಬಂಧವನ್ನೂ ಲೆಕ್ಕಿಸದೆ ಜನ ವಿದಾಯ ಹೇಳಲು ನೆರೆದರು, ಆಡಳಿತ ಆ ಮಳಿಗೆಗೆ 1 ಕೋಟಿ ರೂಪಿಯಾ ದಂಡ ಹಾಕಿತು. ಚೀನಾದ ಐಸ್‌ಕ್ರೀಮು-ಚಹಾ ಕಂಪನಿ ಮಿಶ್ಯುಯೆ 2020ರಲ್ಲಿ ಬಾಂಡುಂಗ್‌ನಲ್ಲಿ ಕಾಲಿಟ್ಟು 2024ರ ಸೆಪ್ಟೆಂಬರ್ ಹೊತ್ತಿಗೆ 2,667 ಅಂಗಡಿ ತೆರೆದಿತ್ತು. ಖಾಲಿ ಮಳಿಗೆ ಕಂಡಲ್ಲೆಲ್ಲ ಅದೇ ಎಂದು ಜನ ಆಡಿಕೊಳ್ಳುವಷ್ಟು. ಆದರೂ ಪ್ರಮಾಣ ನೋಡಿ. ಕೆಎಫ್‌ಸಿಯ ಅಂಗಡಿಗಳು 2024ರಲ್ಲಿ 700ಕ್ಕೆ ತುಸು ಮೇಲೆ. ಒಂದು ಕೆಎಫ್‌ಸಿಗೆ ಎದುರಾಗಿ 6,700 ಇತರ ಊಟದಂಗಡಿ. ಮಾಲಿನ ಹೊಳಪು ಕಂಡು ಇಡೀ ದೇಶದ ಊಟವೇ ಬದಲಾಯಿತು ಎಂದು ಬರೆಯುವವರು ಈ ಒಂದು ಭಾಗಾಕಾರ ಮಾಡಿದ್ದರೆ ಒಳ್ಳೆಯದಿತ್ತು.

ನಿಜಕ್ಕೂ ಬದಲಾವಣೆ ತಂದದ್ದು ಬೈಕು. 2010ರಲ್ಲಿ ನದೀಮ್ ಮಕರೀಮ್ ಗೋಜೆಕ್ ಎಂಬ ಬೈಕ್ ಸೇವೆ ಶುರು ಮಾಡಿದಾಗ ಅವರ ಬಳಿ ಇದ್ದದ್ದು ಒಂದು ಕಾಲ್ ಸೆಂಟರು, 20 ಮಂದಿ ಬೈಕ್ ಸವಾರರು. 2015ರಲ್ಲಿ ಆ್ಯಪ್ ಬಂತು, ಅದೇ ವರ್ಷ ಊಟ ತಂದುಕೊಡುವ ಗೋಫುಡ್ ಬಂತು. ಹತ್ತು ವರ್ಷ ತುಂಬುವಷ್ಟರಲ್ಲಿ ಸವಾರರು 20 ಲಕ್ಷ. ಒಂದು ಲಕ್ಷ ಪಟ್ಟು! ಮೊಮೆಂಟಮ್ ವರ್ಕ್ಸ್ ಸಂಸ್ಥೆಯ ಅಂದಾಜಿನಂತೆ 2023ರಲ್ಲಿ ಇಂಡೋನೇಷ್ಯಾದ ಆ್ಯಪ್ ಊಟದ ವಹಿವಾಟು 460 ಕೋಟಿ ಡಾಲರ್, ಆಗ್ನೇಯ ಏಷ್ಯಾದಲ್ಲೇ ಅತಿ ಹೆಚ್ಚು. ರಸ್ತೆಗೆ ಮುಖವೇ ಇಲ್ಲದ ಗಲ್ಲಿಯೊಳಗಿನ ಅಡುಗೆಮನೆಗೂ ಗಿರಾಕಿ ಸಿಕ್ಕಿದ. ಅದು ಸಣ್ಣ ಮಾತಲ್ಲ. ಆದರೆ ಆರ್ಡರ್ ಮೊತ್ತದಲ್ಲಿ ಶೇ 20, ಮೇಲೆ 1,000 ರೂಪಿಯಾ ಆ್ಯಪಿಗೆ ಎಂದು ಗೋಫುಡ್ ನಿಯಮ. 15,000ದ ತಟ್ಟೆಯಲ್ಲಿ 4,000 ಅಲ್ಲೇ ಹೋಯಿತು. ತೆಳ್ಳಗೆ ಕೊಯ್ದ ತೆಂಪೆಯಲ್ಲಿ ಉಳಿಸಿದ್ದು ಅಲ್ಲಿಗೆ ಸಂದಾಯ.

ಕೋವಿಡ್ ಕಾಲದಲ್ಲಿ ಈ ಇಬ್ಬರ ಅಂಗಡಿಗಳು ಪಟ್ಟ ಪಾಡಿಗೆ ಒಂದೇ ಅಂಕಿ ಸಾಕು: 20. 2021ರ ಜುಲೈ ಕೊನೆಯಲ್ಲಿ ಸರ್ಕಾರ ವಾರುಂಗ್‌ಗಳಲ್ಲಿ ಕೂತು ಉಣ್ಣಲು ಅನುಮತಿ ಕೊಟ್ಟಿತು. ಒಮ್ಮೆಗೆ ಮೂವರು, ಒಬ್ಬರಿಗೆ 20 ನಿಮಿಷ. ಯಾರು ಗಡಿಯಾರ ಹಿಡಿದು ನಿಲ್ಲುತ್ತಾರೆ ಎಂದು ದೇಶವೇ ಕೇಳಿತು. ಆದರೂ ಆ 20 ನಿಮಿಷವನ್ನು ನೆಚ್ಚಿಕೊಂಡೇ ಎಷ್ಟೋ ಒಲೆಗಳು ಮತ್ತೆ ಹೊತ್ತಿದವು.

ಜನ ಈ ಅಂಗಡಿಗಳನ್ನು ತಮ್ಮವೆಂದು ತಿಳಿದಿದ್ದಾರೆ ಎಂಬುದಕ್ಕೆ 2016ರ ಒಂದು ಘಟನೆ ಸಾಕ್ಷಿ. ರಂಜಾನ್ ಉಪವಾಸದ ತಿಂಗಳು. ಬಾಂತೆನ್ ಪ್ರಾಂತ್ಯದ ಸೆರಾಂಗ್ ಊರಿನಲ್ಲಿ ಹಗಲು ಹೊತ್ತು ಹೋಟೆಲು ತೆರೆಯಬಾರದೆಂಬ ಸ್ಥಳೀಯ ನಿಯಮವಿತ್ತು. ಬಡ ಹೆಂಗಸೊಬ್ಬರು ತಮ್ಮ ವಾರ್ತೆಗ್ ತೆರೆದಿದ್ದರು. ಪುರಸಭೆಯ ಸಿಬ್ಬಂದಿ ಬಂದು ಮಾಡಿಟ್ಟ ಅಡುಗೆಯನ್ನೆಲ್ಲ ಚೀಲಕ್ಕೆ ತುಂಬಿಕೊಂಡು ಹೊರಟರು. ಆಕೆ ಅಳುತ್ತ ಬೇಡಿಕೊಳ್ಳುವ ದೃಶ್ಯ ಟೀವಿಯಲ್ಲಿ ಬಂತು. ನೂರಕ್ಕೆ 87 ಮಂದಿ ಮುಸ್ಲಿಮರಿರುವ ದೇಶದಲ್ಲಿ, ಸ್ವತಃ ಉಪವಾಸವಿದ್ದ ಜನರೇ ಆಕೆಗೆ ಹಣ ಕಳಿಸತೊಡಗಿದರು. ಕೆಲವೇ ದಿನಗಳಲ್ಲಿ ಕೂಡಿದ್ದು 26 ಕೋಟಿ ರೂಪಿಯಾಕ್ಕೂ ಹೆಚ್ಚು, ಅಂದಿನ ನಮ್ಮ ಲೆಕ್ಕದಲ್ಲಿ 13 ಲಕ್ಷ ರೂಪಾಯಿ ಹತ್ತಿರ. ಉಪವಾಸದ ತಿಂಗಳ ಕೊನೆಗೆ ಹಬ್ಬಕ್ಕೆ ಊರಿಗೆ ಹೋಗುವವರ ಸಂಖ್ಯೆಯೂ ಅಷ್ಟೇ ಬೆರಗಿನದು. 2024ರಲ್ಲಿ ಸಾರಿಗೆ ಇಲಾಖೆಯ ಅಂದಾಜು 19 ಕೋಟಿ 36 ಲಕ್ಷ ಮಂದಿ, ನೂರಕ್ಕೆ 71ಕ್ಕಿಂತ ಹೆಚ್ಚು. ಅವರೊಂದಿಗೆ ತೆಗಾಲಿನವರೂ ಹೊರಟುಬಿಡುತ್ತಾರೆ. ಆ ಒಂದು ವಾರ ರಾಜಧಾನಿಯಲ್ಲಿ ಉಳಿದವರು ಊಟಕ್ಕೆ ಬೀದಿ ಬೀದಿ ಅಲೆಯುತ್ತಾರೆ.

ಕೊನೆಗೆ ಈಚಿನ ಒಂದು ಪ್ರಯೋಗದ ಮಾತು. 2025ರ ಜನವರಿ 6ರಂದು ಅಧ್ಯಕ್ಷ ಪ್ರಬೊವೊ ಸುಬಿಯಾಂತೊ ಅವರ ಸರ್ಕಾರ ಶಾಲಾ ಮಕ್ಕಳಿಗೆ, ಬಸುರಿ-ಬಾಣಂತಿಯರಿಗೆ ಉಚಿತ ಪೌಷ್ಟಿಕ ಊಟ ಆರಂಭಿಸಿತು. ಮೊದಲ ದಿನ 190 ಅಡುಗೆಮನೆ. ಗುರಿ 8 ಕೋಟಿ 29 ಲಕ್ಷ ಮಂದಿ. ಉದ್ದೇಶದ ಬಗ್ಗೆ ಎರಡು ಮಾತಿಲ್ಲ, ಮಗುವಿನ ತಟ್ಟೆಗೆ ಅನ್ನ ಹಾಕುವ ಸರ್ಕಾರವನ್ನು ನಾನು ಮೆಚ್ಚುತ್ತೇನೆ. ಆದರೆ ದಾರಿ ಬೇರೆ ಹಿಡಿದರು. ಒಂದೊಂದು ಅಡುಗೆಮನೆಗೆ ದಿನಕ್ಕೆ 3,000ಕ್ಕೂ ಹೆಚ್ಚು ಊಟ ಎಂದು ಯೋಜನೆ. ನಸುಕಿಗೂ ಮುಂಚೆ ಬೇಯಿಸಿ, ಡಬ್ಬಿಗೆ ತುಂಬಿ, ಗಂಟೆಗಟ್ಟಲೆ ಕಾದು, ಲಾರಿಯಲ್ಲಿ ಶಾಲೆಗೆ. ವರ್ಷ ತುಂಬುವುದರೊಳಗೆ ಬೇರೆ ಬೇರೆ ಊರುಗಳಲ್ಲಿ ಸಾವಿರಾರು ಮಕ್ಕಳು ಆ ಊಟ ತಿಂದು ಅಸ್ವಸ್ಥರಾದರು. ಸೆಪ್ಟೆಂಬರ್‌ನಲ್ಲಿ ಪಶ್ಚಿಮ ಬಾಂಡುಂಗ್ ಜಿಲ್ಲೆಯೊಂದರಲ್ಲೇ ಅಂಥವರ ಸಂಖ್ಯೆ ಸಾವಿರ ಮೀರಿತು. ತಳ್ಳುಗಾಡಿಯ ಅಡುಗೆ ಯಾವಾಗಲೂ ಶುಚಿ ಎಂದು ನಾನು ಹೇಳುತ್ತಿಲ್ಲ, ಅಲ್ಲೂ ಹೊಟ್ಟೆ ಕೆಡುತ್ತದೆ. ಆದರೆ 57 ಮಂದಿಯ ಪಾತ್ರೆಯಲ್ಲಿ ಆದ ತಪ್ಪು 57 ಮಂದಿಯಲ್ಲಿ ನಿಲ್ಲುತ್ತದೆ. ಬಡಿಸಿದವಳಿಗೆ ಉಂಡವನ ಮುಖ ಗೊತ್ತು, ನಾಳೆ ಅವನು ಬರದಿದ್ದರೆ ಅವಳ ಒಲೆ ಆರುತ್ತದೆ. ಕೋಟಿ ಜನಕ್ಕೆ ಉಣಿಸುವ ವಿದ್ಯೆಯನ್ನು ಆ ದೇಶ ಪಾತ್ರೆಯನ್ನು ದೊಡ್ಡದು ಮಾಡಿ ಕಲಿತದ್ದಲ್ಲ, ಪಾತ್ರೆಗಳ ಸಂಖ್ಯೆ ಹೆಚ್ಚಿಸಿ ಕಲಿತದ್ದು. ಶಾಲೆಯ ಪಕ್ಕದಲ್ಲೇ ಅಡುಗೆ ಮಾಡುವ ಕ್ಯಾಂಟೀನಿನವರಿಗೆ, ವಾರುಂಗ್‌ನವರಿಗೆ ಆ ಊಟವನ್ನು ವಹಿಸಿ, ಅವರಿಗೆ ಶುದ್ಧ ನೀರು, ತರಬೇತಿ, ತಪಾಸಣೆ ಕೊಡುವುದೇ ಸರಿಯಾದ ದಾರಿ ಎಂದು ನನಗೆ ಅನಿಸುತ್ತದೆ.

ಆ ಇಬ್ಬಿಬ್ಬರಲ್ಲಿ ಹೆಚ್ಚಿನವರ ಅಂಗಡಿಗೆ ನೋಂದಣಿಯಿಲ್ಲ, ದುಡಿಮೆಗೆ ರಜೆಯಿಲ್ಲ, ಮುಪ್ಪಿಗೆ ಪಿಂಚಣಿಯಿಲ್ಲ. ಸಾಲಕ್ಕೆ ಬ್ಯಾಂಕಿಗೆ ಹೋದರೆ ತೋರಿಸಲು ಕಾಗದವಿಲ್ಲ. ಅವರನ್ನು ಎಣಿಸುವ ಆರ್ಥಿಕ ಗಣತಿ ಇಂಡೋನೇಷ್ಯಾದಲ್ಲಿ ನಡೆಯುವುದು ಹತ್ತು ವರ್ಷಕ್ಕೊಮ್ಮೆ, ಆರರಿಂದ ಕೊನೆಯಾಗುವ ವರ್ಷದಲ್ಲಿ. 2016ರ ನಂತರದ ಸರದಿ 2026ರದು.